ಬಣ್ಣ ಬಳಿದ ಕಾಲುಚೀಲ

24ಕ್ಕೆ ಕರಾಟೆ ಶುರು ಮಾಡಿದರೆ ಜಾಕಿ ಚಾನ್ ಥರ 60 ದಾಟಿದ ಮೇಲೂ ಆಕ್ಷನ್ ಸಿನಿಮಾ ಮಾಡಬಹುದಾ ಅಂತ ಕೇಳಿದ್ದೀರಿ. ಇದೇ ಹುಚ್ಚು ನನಗೂ ಇತ್ತು. 22 ವಯಸ್ಸು, ಸೊಂಟಕ್ಕೆ ಬ್ರೌನ್ ಬೆಲ್ಟ್, ತಲೆ ತುಂಬ ಜಾಕಿ. ಶಿವಮೊಗ್ಗದಿಂದ ಬೆಂಗಳೂರಿಗೆ ಬಂದು ಸಿನಿಮಾ ಫೈಟರ್‌ಗಳ ಜೊತೆ ಸೇರಿಕೊಂಡೆ.

1995ರ 'ರಂಬಲ್ ಇನ್ ದ ಬ್ರಾಂಕ್ಸ್' ನೋಡಿದ್ದೀರಲ್ವಾ? ಹೋವರ್‌ಕ್ರಾಫ್ಟ್ (ನೀರು, ನೆಲ ಎರಡರ ಮೇಲೂ ಓಡುವ ವಾಹನ) ಮೇಲೆ ಹಾರಿ ಪಾದದ ಗಂಟು ಮುರಿದುಕೊಂಡ ಜಾಕಿ, ಪ್ಲಾಸ್ಟರ್ ಮೇಲೆ ಶೂ ಥರ ಬಣ್ಣ ಬಳಿದ ಕಾಲುಚೀಲ ಹಾಕಿಕೊಂಡು ಶೂಟಿಂಗ್ ಮುಗಿಸಿದ. ನಾನು ಕೆಟ್ಟಿದ್ದು ಆ ಕಾಲುಚೀಲದಿಂದ.

ನನ್ನದು ಮೊದಲನೇ ಮಹಡಿಯಿಂದ ಹಾರುವ ಶಾಟ್. ಬೆಳಗ್ಗೆ ರಿಹರ್ಸಲ್‌ನಲ್ಲೇ ಕಾಲು ಉಳುಕಿತು. ಫೈಟ್ ಮಾಸ್ಟರ್ "ಹೆಂಗಿದೆಯೋ?" ಅಂದರು. "ಏನಿಲ್ಲ ಸಾರ್" ಅಂದೆ. ನನ್ನ ತಪ್ಪು ಇಷ್ಟೇ, ಆ ಎರಡು ಪದ. ಹಾರಿದ್ದು ತಪ್ಪಲ್ಲ, ಉಳುಕಿದ್ದೂ ತಪ್ಪಲ್ಲ. ಆಗಲೇ ಹೇಳಿದ್ದರೆ ಬೇರೆ ಹುಡುಗ ಹಾರುತ್ತಿದ್ದ, ನಾನು ಹತ್ತು ದಿನ ಮನೆಯಲ್ಲಿ ಬಿದ್ದಿರುತ್ತಿದ್ದೆ. ಸಂಬಳ ಹೋಗುತ್ತೆ, ಹೆಸರು ಹೋಗುತ್ತೆ ಅಂತ ಕದ್ದು ಕ್ರೇಪ್ ಬ್ಯಾಂಡೇಜ್ ಸುತ್ತಿಕೊಂಡೆ. ಮಧ್ಯಾಹ್ನ ಎರಡನೇ ಟೇಕ್‌ನಲ್ಲಿ ನೋವಿರುವ ಕಾಲನ್ನು ಕಾಪಾಡಲು ಹೋಗಿ ವಾಲಿ ಬಿದ್ದೆ. ಲಟಕ್ ಅಂತ ಸದ್ದು ನನಗೇ ಕೇಳಿಸಿತು. ಪ್ಲೇಟು, ಆರು ಸ್ಕ್ರೂ. ಜಾಕಿಯ ಕಾಲು ಮುರಿದಿದೆ ಅಂತ ಇಡೀ ಯೂನಿಟ್‌ಗೆ ಗೊತ್ತಿತ್ತು. ಅವನು ಮೊದಲು ಪ್ಲಾಸ್ಟರ್ ಹಾಕಿಸಿಕೊಂಡ, ಕಾಲುಚೀಲ ಆಮೇಲೆ. ನಾನು ನೋಡಿದ್ದು ಕಾಲುಚೀಲ ಮಾತ್ರ!

ಹಾಗಾಗಿ ನಿಮ್ಮ ಪ್ರಶ್ನೆಯೇ ಸರಿ ಇಲ್ಲ ಅನ್ನುತ್ತೇನೆ. ಕರಾಟೆ ಕಲಿತು ಜಾಕಿ ಆದವನಲ್ಲ ಅವನು. ಹಾಂಗ್‌ಕಾಂಗ್‌ನ ಪೀಕಿಂಗ್ ಒಪೇರಾ (ಚೀನೀ ಸಂಗೀತ ನಾಟಕ) ಶಾಲೆಯಲ್ಲಿ ಸುಮಾರು 10 ವರ್ಷ ಲಾಗ ಹಾಕಿ, ಹಾಡಿ, ಏಟು ತಿಂದು ಬೆಳೆದವನು. ಬ್ರೂಸ್ ಲೀ ಸಿನಿಮಾಗಳಲ್ಲಿ ಸ್ಟಂಟ್ ಹುಡುಗನಾಗಿದ್ದ. ಹೆಸರು ಬಂದದ್ದು 1978ರಲ್ಲಿ, 'ಡ್ರಂಕನ್ ಮಾಸ್ಟರ್' ಬಂದಾಗ. 1980ರ ದಶಕದಲ್ಲಿ ಯುಗೊಸ್ಲಾವಿಯಾದಲ್ಲಿ ಶೂಟಿಂಗ್ ವೇಳೆ ಮರದಿಂದ ಬಿದ್ದು ತಲೆಬುರುಡೆ ಒಡೆದುಕೊಂಡ. ಆದರೂ ಉಳಿದ. ಯಾಕೆಂದರೆ ಜೊತೆಗೆ ತನ್ನದೇ ಸ್ಟಂಟ್ ತಂಡ ಇತ್ತು, ನಗಿಸುವ ಕಲೆ ಇತ್ತು. ವಯಸ್ಸಾದಾಗ ಜಾಗ ಬದಲಿಸಿದ: 2010ರ 'ದ ಕರಾಟೆ ಕಿಡ್'ನಲ್ಲಿ ಅವನು ಹುಡುಗನಿಗೆ ಕಲಿಸುವ ಗುರು. (ಹೆಸರಲ್ಲಿ ಕರಾಟೆ, ಕಲಿಸುವುದು ಕುಂಗ್‌ಫು!)

24 ಜಾಸ್ತಿ ವಯಸ್ಸೇನಲ್ಲ. ಆದರೆ ಸುಮ್ನೆ ಕರಾಟೆ ಕ್ಲಾಸಿಗೆ ದುಡ್ಡು ಸುರಿಯಬೇಡಿ. ಜಿಮ್ನಾಸ್ಟಿಕ್ಸ್ ಕಲಿಯಿರಿ, ನಾಟಕ ತಂಡ ಸೇರಿ. ಮೊದಲ ಆರು ತಿಂಗಳು ಬರೀ ಬೀಳುವುದನ್ನು ಕಲಿಯಿರಿ. ನಾನು ಈಗ ಹುಡುಗರಿಗೆ ಕಲಿಸುವುದೂ ಅದನ್ನೇ. ಮಳೆಗಾಲದಲ್ಲಿ ಮಾತ್ರ ಕುರ್ಚಿ ಮೇಲೆ ಕೂತು ಕಲಿಸುತ್ತೇನೆ.