ಮಖಮಲ್ ಕಾಲರ್, ಸ್ಕೂಟರಿನ ಕನ್ನಡಿ, ಮೂರು ಕಾರ್ಡು

ಎರಡನೇ ಮಹಾಯುದ್ಧದ ನಂತರ ಬ್ರಿಟನ್ನಿನ ಹುಡುಗ-ಹುಡುಗಿಯರು ಕಟ್ಟಿಕೊಂಡ ಪಂಗಡಗಳು, ಅವರ ಉಡುಗೆ, ಅವರ ಸಂಗೀತ: ಇದರ ಬಗ್ಗೆ ಕಳೆದ ಸಂಚಿಕೆಯಲ್ಲಿ ಚಿತ್ರಲೇಖನ ಬಂದಿತ್ತು. ಅದನ್ನು ಓದಿ ಬರೆದವರ ಪ್ರಶ್ನೆಗಳಲ್ಲಿ ಏಳನ್ನು ಈ ಸಲ ಎತ್ತಿಕೊಂಡಿದ್ದೇವೆ.

ಪ್ರಶ್ನೆ: ಕಾಲೇಜಿನ ನಾಟಕ ತಂಡದವರು ನಿಮ್ಮ ಚಿತ್ರ ತೋರಿಸಿ ಒಂದು ಟೆಡ್ಡಿ ಬಾಯ್ ಸೂಟು, ಒಂದು ಮಾಡ್ ಸೂಟು ಹೊಲಿದುಕೊಡಿ ಅಂದಿದ್ದಾರೆ. ನನಗೆ ಎರಡೂ ಒಂದೇ ಥರ ಕಾಣುತ್ತವೆ. ವ್ಯತ್ಯಾಸ ಎಲ್ಲಿದೆ? ಅಳತೆ ಹೇಗೆ? (ಟೈಲರ್, ದಾವಣಗೆರೆ)

ಎರಡರಲ್ಲೂ ಪ್ಯಾಂಟು ಬಿಗಿ, ಅಷ್ಟೇ. ಉಳಿದದ್ದೆಲ್ಲ ತದ್ವಿರುದ್ಧ. ಮೊದಲು ಬಂದದ್ದು ಟೆಡ್ಡಿ. ಯುದ್ಧ ಮುಗಿದ ಹೊಸತರಲ್ಲಿ ಲಂಡನ್ನಿನ ಸ್ಯಾವಿಲ್ ರೋ ಬೀದಿಯ ದುಬಾರಿ ಟೈಲರ್‌ಗಳು ಏಳನೇ ಎಡ್ವರ್ಡ್ ದೊರೆಯ (1901–1910) ಕಾಲದ ಉದ್ದ ಕೋಟನ್ನು ಸಿರಿವಂತ ಸೇನಾಧಿಕಾರಿಗಳಿಗಾಗಿ ಮತ್ತೆ ಹೊಲಿಯತೊಡಗಿದರು. 1949ರ ಮಾರ್ಚಿನಲ್ಲಿ ಬಟ್ಟೆಯ ರೇಷನ್ ರದ್ದಾಯಿತು. ದಕ್ಷಿಣ ಲಂಡನ್ನಿನ ದುಡಿಯುವ ಹುಡುಗರು ಅದೇ ಕೋಟನ್ನು ತಮ್ಮ ಬೀದಿಯ ಟೈಲರ್ ಹತ್ತಿರ ಕಂತಿನ ಮೇಲೆ ಹೊಲಿಸಿಕೊಂಡರು. ಸಿರಿವಂತರು ಕೂಡಲೇ ಅದನ್ನು ಕಳಚಿಟ್ಟರು. ‘ಎಡ್ವರ್ಡ್’ ಮೊಟಕಾಗಿ ‘ಟೆಡ್ಡಿ’ ಆಗಿ ಪತ್ರಿಕೆಯ ತಲೆಬರಹಕ್ಕೆ ಬಂದದ್ದು 1953ರಲ್ಲಿ. ಬಟ್ಟೆಯ ಬರ ಕಂಡು ಬೆಳೆದವರು ಬೇಕೆಂದೇ ಬಟ್ಟೆ ನುಂಗುವ ಕೋಟು ತೊಟ್ಟರು. ಆದ್ದರಿಂದ ಇಲ್ಲಿ ಬಟ್ಟೆ ಉಳಿಸಲು ಹೋದರೆ ಕೋಟೇ ಕೆಡುತ್ತದೆ.

58 ಇಂಚು ಪನ್ನದ ಬಟ್ಟೆಯಾದರೆ ಟೆಡ್ಡಿಗೆ 3.75 ಮೀಟರ್ ಇಟ್ಟುಕೊಳ್ಳಿ, ಕಾಲರಿಗೆ ಕಾಲು ಮೀಟರ್ ಕಪ್ಪು ಮಖಮಲ್. ಕೈ ಇಳಿಬಿಟ್ಟಾಗ ಬೆರಳ ತುದಿ ಎಲ್ಲಿಗೆ ಬರುತ್ತದೋ ಕೋಟು ಅಲ್ಲಿಯವರೆಗೆ ಬರಬೇಕು. ಭುಜ ಅಗಲ, ಸೊಂಟದಲ್ಲಿ ಬಿಗಿ ಬೇಡ, ನೇರವಾಗಿ ಇಳಿಯಲಿ. ಗುಂಡಿ ಒಂದೇ ಸಾಕು. ಮಖಮಲ್ಲನ್ನು ಜುಂಗು ಮೇಲ್ಮುಖವಾಗಿರುವಂತೆ ಕತ್ತರಿಸಿ, ಬಣ್ಣ ಗಾಢವಾಗಿ ಕಾಣುತ್ತದೆ. ಮುಖದ ಕಡೆ ಇಸ್ತ್ರಿ ಮುಟ್ಟಿಸಲೇಬೇಡಿ, ಜುಂಗು ಮಲಗಿದರೆ ಮತ್ತೆ ಏಳುವುದಿಲ್ಲ. ಹಿಂದಿನಿಂದ ಹಬೆ ಕೊಡಿ. ಪ್ಯಾಂಟಿನ ಬಾಟಮ್ ಸುತ್ತಳತೆ 14 ಇಂಚು. ಅಷ್ಟು ಬಿಗಿಯಲ್ಲಿ ಹಿಮ್ಮಡಿ ತೂರುವುದು ಕಷ್ಟ. ಒಳಹೊಲಿಗೆಯ ಕಡೆ ಎರಡು ಇಂಚು ಸೀಳು ಬಿಟ್ಟು ಒಳಗಿಂದ ಪ್ರೆಸ್ ಬಟನ್ ಹಾಕಿ. ನಾಟಕದಲ್ಲಿ ದೃಶ್ಯದ ನಡುವೆ ಬಟ್ಟೆ ಬದಲಿಸುವವರಿಗೆ ಇದು ಬೇಕೇಬೇಕು.

ಮಾಡ್‌ಗಳು 1950ರ ದಶಕದ ಕೊನೆಯವರು. ಲಂಡನ್ನಿನ ಸೋಹೊದಲ್ಲಿ ಮಾಡರ್ನ್ ಜಾಝ್ ಕೇಳುತ್ತಿದ್ದ ‘ಮಾಡರ್ನಿಸ್ಟ್’ ಹುಡುಗರು ಇಟಲಿಯ ಕೋಟಿಗೆ ಮನಸೋತರು. ಇಲ್ಲಿ ಎಲ್ಲವೂ ಕಿರಿದು. 3.25 ಮೀಟರ್ ಬಟ್ಟೆ ಸಾಕು. ಮೂರು ಗುಂಡಿ, ಮೇಲಿನದು ಎತ್ತರದಲ್ಲಿ. ಲ್ಯಾಪೆಲ್ ಎರಡರಿಂದ ಎರಡೂವರೆ ಇಂಚು. ಎರಡೂ ಪಕ್ಕದಲ್ಲಿ ಐದು ಇಂಚಿನ ಸೀಳು. ಓರೆ ಜೇಬು, ಬಲಗಡೆ ಅದರ ಮೇಲೊಂದು ಪುಟ್ಟ ಟಿಕೆಟ್ ಜೇಬು. 32 ಸೊಂಟದ ಹುಡುಗನಿಗೆ ಬಾಟಮ್ 16 ಇಂಚು. ಕೆಡುವುದು ಸಾಮಾನ್ಯವಾಗಿ ಎರಡು ಕಡೆ. ಮದುವೆ ಕೋಟಿಗೆ ಹಾಕುವ ದಪ್ಪ ಭುಜದ ಪ್ಯಾಡು ಹಾಕಿದರೆ ಹುಡುಗ ಮಾಡ್ ಆಗುವುದಿಲ್ಲ, ಮದುಮಗ ಆಗುತ್ತಾನೆ. ಇನ್ನೊಂದು, ಪೃಷ್ಠದ ಹತ್ತಿರ ಬಿಗಿಯಾದರೆ ಸೀಳು ನಿಂತಲ್ಲೇ ಬಾಯಿ ಬಿಡುತ್ತದೆ. ಅಲ್ಲಿ ಒಂದು ಇಂಚು ಸಡಿಲ ಕೊಡಿ.

ಅವರ ಅಚ್ಚುಮೆಚ್ಚಿನ ಬಟ್ಟೆ ‘ಟೋನಿಕ್’. ಹಾಸು ಒಂದು ಬಣ್ಣ, ಹೊಕ್ಕು ಇನ್ನೊಂದು ಬಣ್ಣ, ಮೊಹೇರ್ (ಅಂಗೋರಾ ಮೇಕೆಯ ಕೂದಲು) ಬೆರೆತ ನೂಲು. ಕದಲಿದಾಗ ನೀಲಿಯಿಂದ ಕಂದಿಗೆ ಹೊರಳುತ್ತದೆ. ಬಣ್ಣ ಹೊರಳುವ ರೇಷ್ಮೆ ಸೀರೆ ನೋಡಿದವರಿಗೆ ಇದು ಹೊಸದಲ್ಲ. ಅಂಥ ಬಟ್ಟೆಯ ತುಂಡುಗಳನ್ನೆಲ್ಲ ಒಂದೇ ದಿಕ್ಕಿಗೆ ಕತ್ತರಿಸಿ. ತೋಳನ್ನು ತಲೆಕೆಳಗಾಗಿ ಕತ್ತರಿಸಿದರೆ ರಂಗದ ದೀಪದಲ್ಲಿ ಬೇರೆ ಕೋಟಿನ ತೋಳಿನಂತೆ ಕಾಣುತ್ತದೆ.

ಪ್ರಶ್ನೆ: ಮನೆಯಲ್ಲಿ ತಂದೆಯವರ ಹಳೆಯ ವಿಜಯ್ ಸೂಪರ್ ಇದೆ. ಚಿತ್ರದಲ್ಲಿದ್ದಂತೆ ಕನ್ನಡಿ, ದೀಪ ಹಾಕಿ ಮಾಡ್ ಸ್ಕೂಟರ್ ಮಾಡಬಹುದೇ? (ಮೈಸೂರು)

ಖಂಡಿತ ಮಾಡಬಹುದು, ನಿಮ್ಮ ಗಾಡಿಗೆ ಆ ಹಕ್ಕು ರಕ್ತದಲ್ಲೇ ಇದೆ. ಮಾಡ್‌ಗಳ ಸ್ಕೂಟರ್ ಎರಡು: ವೆಸ್ಪಾ, ಲ್ಯಾಂಬ್ರೆಟ್ಟಾ. ಮಿಲಾನಿನ ಇನ್ನೊಚೆಂಟಿ ಕಂಪನಿ ಲ್ಯಾಂಬ್ರೆಟ್ಟಾ ನಿಲ್ಲಿಸಿದಾಗ ಅದರ ಯಂತ್ರಗಳನ್ನು ಕೊಂಡದ್ದು 1972ರಲ್ಲಿ ಹುಟ್ಟಿದ ಲಖನೌದ ಸರ್ಕಾರಿ ಸ್ಕೂಟರ್ಸ್ ಇಂಡಿಯಾ. ವಿಜಯ್ ಸೂಪರ್ ಅಲ್ಲಿಯದೇ. ಅಲ್ಲಿಂದ ಜಿಪಿ ಮಾದರಿಯ ಲ್ಯಾಂಬ್ರೆಟ್ಟಾ ಬ್ರಿಟನ್ನಿಗೂ ಹೋಯಿತು. ಅಲ್ಲಿನ ಸ್ಕೂಟರ್ ಪ್ರಿಯರು ಅದನ್ನು ಇವತ್ತಿಗೂ ‘ಇಂಡಿಯನ್ ಜಿಪಿ’ ಎಂದೇ ಕರೆಯುತ್ತಾರೆ.

ಕನ್ನಡಿಗಳಿಗಾಗಿ ಮುಂದಿನ ತಗಡಿಗೆ ತೂತು ಕೊರೆಯಬೇಡಿ. ತೂತಿನ ಅಂಚಿನಿಂದಲೇ ತುಕ್ಕು ಹಬ್ಬುತ್ತದೆ. ಮುಂದೆ ಕ್ರೋಮಿನ ಕ್ರ್ಯಾಷ್ ಗಾರ್ಡ್ ಕೂರಿಸಿ ಅದಕ್ಕೆ ಕ್ಲ್ಯಾಂಪಿನಲ್ಲಿ ಕನ್ನಡಿ ಕಟ್ಟಿ. ಟೂ-ಸ್ಟ್ರೋಕ್ ಎಂಜಿನ್ನಿನ ನಡುಕಕ್ಕೆ ನಟ್ಟು ಸಡಿಲವಾಗುವುದು ಖಚಿತ, ಹಾಗಾಗಿ ಪ್ರತಿ ಕಡ್ಡಿಗೂ ರಬ್ಬರ್ ವಾಷರ್ ಮತ್ತು ಲಾಕ್ ನಟ್. ಎಡಬಲಕ್ಕೆ ಸಮ ತೂಕವಿರಲಿ, ಇಲ್ಲವಾದರೆ ಗಾಡಿ ಒಂದೇ ಕಡೆ ಎಳೆಯುತ್ತದೆ. ಆರು ಕನ್ನಡಿ ಕಣ್ಣಿಗೆ ತುಂಬುತ್ತದೆ. ಮೂವತ್ತು ಹಾಕಿದವರ ಗಾಡಿ ಹೆಚ್ಚಾಗಿ ನಿಲ್ಲಿಸಿ ನೋಡುವುದಕ್ಕೆ.

ದೀಪದಲ್ಲಿ ಎಚ್ಚರ ಬೇಕು. ಹಳೆಯ ಮ್ಯಾಗ್ನೆಟೊ ಹುಟ್ಟಿಸುವ ಕರೆಂಟು ಗಾಡಿಯ ಸ್ವಂತ ದೀಪಗಳಿಗಷ್ಟೇ ಸಾಲುತ್ತದೆ. ಅದೇ ತಂತಿಗೆ ಹೊಸ ದೀಪ ಜೋಡಿಸಿದರೆ ಹೆಡ್‌ಲೈಟು ಮಿಣುಕು ದೀಪವಾಗುತ್ತದೆ. ಬೇರೆಯೇ ಒಂದು 12 ವೋಲ್ಟ್, 7 ಆಂಪಿಯರ್-ಅವರ್ ಬ್ಯಾಟರಿ ಇಟ್ಟು ಮನೆಯಲ್ಲಿ ಚಾರ್ಜ್ ಮಾಡಿಕೊಳ್ಳಿ. 5 ವಾಟಿನ ನಾಲ್ಕು ಬಲ್ಬಿಗೆ ಅದು ಸುಮಾರು ಮೂರು ಗಂಟೆ ಬರುತ್ತದೆ. ಅಲಂಕಾರದ ದೀಪ ಗಾಡಿ ನಿಂತಾಗ ಮಾತ್ರ ಉರಿಯಲಿ, ಎದುರಿನವರ ಕಣ್ಣಿಗೆ ಹೊಡೆಯುವುದು ಬೇಡ. ಪೆಟ್ರೋಲಿಗೆ ಬೆರೆಸುವ ಎಣ್ಣೆ 4 ಶೇಕಡಾ, ಅಂದರೆ 5 ಲೀಟರ್ ಪೆಟ್ರೋಲಿಗೆ 200 ಮಿ.ಲೀ. ಕಡಿಮೆಯಾದರೆ ಪಿಸ್ಟನ್ ಹಿಡಿದುಕೊಳ್ಳುತ್ತದೆ, ಹೆಚ್ಚಾದರೆ ಪ್ಲಗ್ಗು ಮಸಿ ಹಿಡಿಯುತ್ತದೆ. ಈ ಎಣ್ಣೆ, ಮಳೆ, ಕೆಸರಿನಿಂದ ಸೂಟು ಉಳಿಸಿಕೊಳ್ಳಲೆಂದೇ ಮಾಡ್‌ಗಳು ಅಮೆರಿಕ ಸೇನೆಯ ಎಂ-51 ಪಾರ್ಕಾ (ಟೋಪಿ ಸೇರಿದ ಉದ್ದ ಮೇಲಂಗಿ) ತೊಟ್ಟರು. ಸೇನೆಯ ಹಳೆ ಸಾಮಾನಿನ ಅಂಗಡಿಯಲ್ಲಿ ಅಗ್ಗಕ್ಕೆ ಸಿಗುತ್ತಿತ್ತು.

ಪ್ರಶ್ನೆ: ಕಾಂಟಿನೆಂಟಲ್ ಜಿಟಿ ಬೈಕಿಗೂ ಆ ರಾಕರ್‌ಗಳಿಗೂ ಏನು ಸಂಬಂಧ? (ಬೆಳಗಾವಿ)

ನೇರ ಸಂಬಂಧ. ರಾಕರ್‌ಗಳು ಚರ್ಮದ ಜಾಕೆಟ್ಟಿನ, ರಾಕ್ ಅಂಡ್ ರೋಲ್ ಕೇಳುವ ಬೈಕಿನ ಹುಡುಗರು. ಲಂಡನ್ನಿನ ನಾರ್ತ್ ಸರ್ಕ್ಯುಲರ್ ರಸ್ತೆಯ ಏಸ್ ಕೆಫೆ ಅವರ ಅಡ್ಡಾ. ಅದು 1938ರಲ್ಲಿ ತೆರೆದು 1969ರಲ್ಲಿ ಮುಚ್ಚಿತು, 2001ರಲ್ಲಿ ಮತ್ತೆ ಬಾಗಿಲು ತೆರೆಯಿತು. ಗಂಟೆಗೆ ನೂರು ಮೈಲಿ (161 ಕಿ.ಮೀ.) ಮುಟ್ಟುವುದು ಅವರಿಗೆ ‘ಟನ್’. ನಾರ್ಟನ್ ಫ್ರೇಮಿಗೆ ಟ್ರಯಂಫ್ ಎಂಜಿನ್ ಕೂರಿಸಿದ ‘ಟ್ರೈಟನ್’ ಅವರ ಕೈಕಸುಬಿನ ಶಿಖರ. ರಾಯಲ್ ಎನ್‌ಫೀಲ್ಡ್ ಆ ಹುಡುಗರಿಗಾಗಿಯೇ 1960ರ ದಶಕದಲ್ಲಿ ಇಂಗ್ಲೆಂಡಿನಲ್ಲಿ 250 ಸಿಸಿಯ ಕಾಂಟಿನೆಂಟಲ್ ಜಿಟಿ ತಂದಿತು. 2013ರಲ್ಲಿ ಅದೇ ಹೆಸರು ತಮಿಳುನಾಡಿನ ಕಾರ್ಖಾನೆಯಿಂದ ಮರಳಿ ಬಂತು. ಬೇರೆ ಬೈಕನ್ನು ಹಾಗೆ ಮಾಡಿಸುವವರಿಗೆ ಒಂದು ಮಾತು: ಹ್ಯಾಂಡಲನ್ನಷ್ಟೇ ಕೆಳಗಿಳಿಸಿ ಕಾಲಿಡುವ ಜಾಗ ಹಾಗೇ ಬಿಟ್ಟರೆ ಮೈಭಾರವೆಲ್ಲ ಮಣಿಕಟ್ಟಿಗೆ ಬೀಳುತ್ತದೆ. ಫುಟ್‌ರೆಸ್ಟನ್ನೂ ಹಿಂದಕ್ಕೆ ಸರಿಸಬೇಕು.

ಪ್ರಶ್ನೆ: 1964ರಲ್ಲಿ ಬ್ರೈಟನ್ನಿನಲ್ಲಿ ಮಾಡ್‌ಗಳಿಗೂ ರಾಕರ್‌ಗಳಿಗೂ ನಿಜಕ್ಕೂ ಯುದ್ಧವೇ ನಡೆಯಿತೇ? (ಧಾರವಾಡ)

ಜಗಳ ನಿಜ, ಯುದ್ಧ ಪತ್ರಿಕೆಗಳದ್ದು. ಆ ವರ್ಷ ಈಸ್ಟರ್ ರಜೆಯಲ್ಲಿ ಕ್ಲ್ಯಾಕ್ಟನ್, ಮೇ ತಿಂಗಳ ರಜೆಯಲ್ಲಿ ಮಾರ್ಗೇಟ್ ಮತ್ತು ಬ್ರೈಟನ್ ಕಡಲತೀರಗಳಲ್ಲಿ ಕುರ್ಚಿ ಎಸೆತ, ಓಡಾಟ, ಬಂಧನ ಆದವು. ಸಮಾಜಶಾಸ್ತ್ರಜ್ಞ ಸ್ಟಾನ್ಲಿ ಕೋಹೆನ್ ಇದನ್ನು ಬೆನ್ನಟ್ಟಿ ಅಧ್ಯಯನ ಮಾಡಿ 1972ರಲ್ಲಿ ಪುಸ್ತಕ ತಂದರು. ಸುದ್ದಿಯಲ್ಲಿ ಬಂದ ಹಾನಿಗೂ ನಡೆದ ಹಾನಿಗೂ ತಾಳಮೇಳ ಇರಲಿಲ್ಲ. ಸುದ್ದಿ ಓದಿದ ಹುಡುಗರು ಮುಂದಿನ ರಜೆಗೆ ತಾವು ಯಾವ ಕಡೆಯವರು ಎಂದು ಮೊದಲೇ ತೀರ್ಮಾನಿಸಿಕೊಂಡು ಬರತೊಡಗಿದರು. ನಮ್ಮೂರುಗಳ ಸುದ್ದಿವಾಹಿನಿ ನೋಡುವಾಗಲೂ ಆ ಪುಸ್ತಕ ನೆನಪಾಗುತ್ತದೆ.

ಪ್ರಶ್ನೆ: ನಾವು ಲಂಡನ್ನಿನಲ್ಲಿರುವ ಕನ್ನಡಿಗರು. ಮಗ ತಲೆ ಬೋಳಿಸಿ, ಡಾಕ್ಟರ್ ಮಾರ್ಟೆನ್ಸ್ ಬೂಟು, ಬ್ರೇಸಸ್ ಹಾಕತೊಡಗಿದ್ದಾನೆ. ಇದು ನಮ್ಮಂಥವರನ್ನು ಹೊಡೆಯುತ್ತಿದ್ದವರ ವೇಷವಲ್ಲವೇ? (ಈಸ್ಟ್ ಹ್ಯಾಮ್)

ನಿಮ್ಮ ಆತಂಕಕ್ಕೆ ಗಟ್ಟಿ ಕಾರಣವಿದೆ, ಅದನ್ನು ತೇಲಿಸಿ ಹೇಳುವುದಿಲ್ಲ. 1960ರ ದಶಕದ ಕೊನೆಯಲ್ಲಿ ಒರಟು ಮಾಡ್‌ಗಳಿಂದ ಈ ವೇಷದ ಸ್ಕಿನ್‌ಹೆಡ್‌ಗಳು ಹುಟ್ಟಿದರು. ಅವರು ಕುಣಿದದ್ದು ಜಮೈಕಾದ ಸ್ಕಾ, ರೆಗ್ಗೆ ಸಂಗೀತಕ್ಕೆ. ಮೋಟು ಕೂದಲು, ಮೋಟು ಪ್ಯಾಂಟಿನ ಸೊಗಸನ್ನೂ ಭಾಗಶಃ ಕಲಿತದ್ದು ನೆರೆಮನೆಯ ‘ರೂಡ್ ಬಾಯ್’ಗಳಿಂದ, ಅಂದರೆ ಜಮೈಕಾ ಮೂಲದ ಕರಿಯ ಹುಡುಗರಿಂದ. 1968ರಲ್ಲಿ ಶುರುವಾದ ಟ್ರೋಜನ್ ರೆಕಾರ್ಡ್ಸ್‌ನ ತಟ್ಟೆಗಳನ್ನು ಕೊಂಡವರಲ್ಲಿ ಅವರೇ ಮುಂದು. ಜಮೈಕಾದ ಗಾಯಕ ಡೆಸ್ಮಂಡ್ ಡೆಕ್ಕರ್ 1969ರಲ್ಲಿ ಬ್ರಿಟನ್ನಿನ ಹಾಡುಗಳ ಮಾರಾಟಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿದ್ದರ ಹಿಂದೆಯೂ ಅವರ ದುಡ್ಡಿದೆ. ಅದೇ ಹೊತ್ತಿಗೆ ಅವರಲ್ಲೇ ಹಲವರು ‘ಪಾಕಿ ಬ್ಯಾಶಿಂಗ್’ ಎಂಬ ಹೇಯ ಹೆಸರಿಟ್ಟು ಉಪಖಂಡದಿಂದ ಹೋದವರನ್ನು ಬೀದಿಯಲ್ಲಿ ಹೊಡೆದರು. 1970ರ ದಶಕದ ಕೊನೆಯಲ್ಲಿ ಈ ವೇಷ ಮರಳಿದಾಗ ವಲಸಿಗರನ್ನು ದ್ವೇಷಿಸುವ ಬಲಪಂಥೀಯ ಪಕ್ಷ ನ್ಯಾಷನಲ್ ಫ್ರಂಟ್ ಅದರೊಳಗೆ ಕೈಹಾಕಿತು. ಅದೇ ಕಾಲದಲ್ಲಿ, 1978ರ ಮೇ 4ರಂದು, ವೈಟ್‌ಚಾಪೆಲ್‌ನಲ್ಲಿ ಬಟ್ಟೆ ಕೆಲಸಗಾರ ಅಲ್ತಾಬ್ ಅಲಿಯ ಕೊಲೆಯಾಯಿತು. ಅಲ್ಲಿನ ಉದ್ಯಾನಕ್ಕೆ ಈಗ ಅವರ ಹೆಸರಿದೆ, ನಿಮ್ಮ ಮನೆಯಿಂದ ದೂರವೇನಿಲ್ಲ. ಮಗನನ್ನು ಒಮ್ಮೆ ಕರೆದೊಯ್ಯಿರಿ.

ವಿರೋಧ ಎದ್ದದ್ದೂ ಸಂಗೀತದಿಂದಲೇ. 1976ರಲ್ಲಿ ಜನಾಂಗದ್ವೇಷದ ವಿರುದ್ಧದ ‘ರಾಕ್ ಅಗೇನ್ಸ್ಟ್ ರೇಸಿಸಂ’ ಚಳವಳಿ, 1979ರಲ್ಲಿ ಕವೆಂಟ್ರಿಯಲ್ಲಿ ಸಂಗೀತಗಾರ ಜೆರ್ರಿ ಡ್ಯಾಮರ್ಸ್ ಕಟ್ಟಿದ ಟೂ-ಟೋನ್ ಎಂಬ ರೆಕಾರ್ಡ್ ಕಂಪನಿ. ಅದರ ಹೆಸರಾಂತ ತಂಡ ಸ್ಪೆಷಲ್ಸ್‌ನಲ್ಲಿ ಬಿಳಿಯರೂ ಕರಿಯರೂ ಒಂದೇ ವೇದಿಕೆಯಲ್ಲಿದ್ದರು, ಲಾಂಛನ ಕಪ್ಪು-ಬಿಳುಪು ಚೌಕಳಿ. 1987ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದ ‘ಶಾರ್ಪ್’ ಜನಾಂಗದ್ವೇಷದ ವಿರುದ್ಧ ನಿಂತ ಸ್ಕಿನ್‌ಹೆಡ್‌ಗಳದೇ ಗುಂಪು, ಟ್ರೋಜನ್ ಶಿರಸ್ತ್ರಾಣ ಅವರ ಗುರುತು. ಆದ್ದರಿಂದ ಬೂಟು ನೋಡಿ ತೀರ್ಮಾನಿಸಬೇಡಿ, ಲೇಸಿನ ಬಣ್ಣ ನೋಡಿಯೂ ಬೇಡ. ಅದರ ಅರ್ಥ ಊರೂರಿಗೆ ಬದಲಾಗುತ್ತದೆ. ಜಾಕೆಟ್ಟಿನ ಬ್ಯಾಡ್ಜು ನೋಡಿ, ಅವನು ಏನು ಕೇಳುತ್ತಾನೆ ಕೇಳಿ. ಟ್ರೋಜನ್, ಟೂ-ಟೋನ್ ಆಗಿದ್ದರೆ ಒಳ್ಳೆಯ ಜಾಗದಲ್ಲೇ ಇದ್ದಾನೆ.

ಬೂಟಿನ ವಿಷಯ ಬಂದದ್ದರಿಂದ: ಎಂಟು ತೂತಿನ ಆ 1460 ಮಾದರಿಯ ಹೆಸರು ಅದು ಹೊರಬಂದ ದಿನದ್ದೇ, 1960ರ ಏಪ್ರಿಲ್ 1. ಮೊದಲು ತೊಟ್ಟವರು ಅಂಚೆಯವರು, ಕಾರ್ಖಾನೆಯವರು. ಹೊಸದರ ಚರ್ಮ ಗಡಸು, ಹಿಮ್ಮಡಿಯಲ್ಲಿ ಬೊಬ್ಬೆ ಏಳುತ್ತದೆ. ದಪ್ಪ ಕಾಲುಚೀಲ ಎರಡು ಹಾಕಿ ಮೊದಲ ವಾರ ಮನೆಯೊಳಗೇ ದಿನಕ್ಕೆ ಅರ್ಧ ಗಂಟೆ ನಡೆಯಲಿ.

ಪ್ರಶ್ನೆ: ಕಾಲೇಜು ಬ್ಯಾಂಡಿನಲ್ಲಿ ಪಂಕ್ ಮತ್ತು ಸ್ಕಾ ನುಡಿಸಬೇಕು. ಗಿಟಾರಿನಲ್ಲಿ ಎಲ್ಲಿಂದ ಶುರು? (ಮಣಿಪಾಲ)

ಪಂಕ್ ಅಂದರೆ ಒರಟು, ವೇಗದ ರಾಕ್; ಅದಕ್ಕೆ ಎ, ಇ, ಜಿ ಈ ಮೂರು ಕಾರ್ಡು (ಒಟ್ಟಿಗೆ ಮೀಟುವ ಸ್ವರಗಳ ಗುಂಪು) ಸಾಕು. 1977ರಲ್ಲಿ ‘ಸೈಡ್‌ಬರ್ನ್ಸ್’ ಎಂಬ ಕೈಪತ್ರಿಕೆ ಇವೇ ಮೂರರ ಚಿತ್ರ ಬರೆದು ಇನ್ನು ಬ್ಯಾಂಡು ಕಟ್ಟಿ ಎಂದಿತು. ಈ ಹೆಗ್ಗಳಿಕೆಯನ್ನು ‘ಸ್ನಿಫಿನ್ ಗ್ಲೂ’ ಪತ್ರಿಕೆಗೆ ಕೊಡುವವರು ಬಹಳ, ಅದು ತಪ್ಪು. ಕೈ ಕೆಳಮುಖವಾಗಿ ಮಾತ್ರ ಬೀಸಬೇಕು, ಮೇಲೆ-ಕೆಳಗೆ ಬೀಸಿದರೆ ಹೊಡೆತ ಮೆತ್ತಗಾಗುತ್ತದೆ. ಮುಂಗೈ ಸೋಲುತ್ತದೆ, ನಿಧಾನ ಲಯದಿಂದ ಶುರುಮಾಡಿ ದಿನಕ್ಕಿಷ್ಟು ಏರಿಸಿ. ಧ್ವನಿಮುದ್ರಿಸುವ ಆಸೆಯಿದ್ದರೆ ಮ್ಯಾಂಚೆಸ್ಟರಿನ ಬಝ್‌ಕಾಕ್ಸ್ ತಂಡ ನೆನೆಯಿರಿ: 500 ಪೌಂಡ್ ಸಾಲ ಮಾಡಿ, ನಾಲ್ಕು ಹಾಡು ಮುದ್ರಿಸಿ, 1977ರ ಜನವರಿಯಲ್ಲಿ ತಮ್ಮದೇ ಲೇಬಲ್ಲಿನಲ್ಲಿ ಮೊದಲು ಸಾವಿರ ಪ್ರತಿ ತಂದರು. ದೊಡ್ಡ ಕಂಪನಿಯ ಬಾಗಿಲು ಕಾಯದೆ ಹಾಡು ಹೊರತರುವ ದಾರಿ ಅಲ್ಲಿಂದ ಅಗಲವಾಯಿತು.

ಸ್ಕಾ ಕಲಿಯುವುದು ನಿಮಗೆ ಸುಲಭ. ಚತುರಶ್ರ ನಡೆಯಲ್ಲಿ ‘ತ-ಕ-ದಿ-ಮಿ’ ಹೇಳಿಕೊಳ್ಳಿ. ಕಾಲಿನ ತಾಳ ‘ತ’ ಮೇಲೆ, ಗಿಟಾರಿನ ಪೆಟ್ಟು ‘ದಿ’ ಮೇಲೆ. ಪೆಟ್ಟು ಬಿದ್ದ ತಕ್ಷಣ ಎಡಗೈ ಬೆರಳು ಸಡಿಲಿಸಿ ತಂತಿಯ ದನಿ ಕತ್ತರಿಸಿ. ಎಳೆದರೆ ಕುಣಿತವೇ ಸತ್ತುಹೋಗುತ್ತದೆ. ಹೊಸಬರು ನಾಲ್ಕಾರು ಆವರ್ತದಲ್ಲಿ ಗೊತ್ತಿಲ್ಲದೆ ‘ತ’ಗೆ ಜಾರುತ್ತಾರೆ; ಬಾಯಲ್ಲಿ ಸೊಲ್ಲು ಬಿಡದಿದ್ದರೆ ಜಾರುವುದಿಲ್ಲ.

ಪ್ರಶ್ನೆ: ನಾರ್ದರ್ನ್ ಸೋಲ್ ಕುಣಿಯುವವರು ನೆಲಕ್ಕೆ ಪೌಡರ್ ಚೆಲ್ಲುವುದೇಕೆ? (ಉಡುಪಿ)

ಜಾರುವುದಕ್ಕೆ. ಉತ್ತರ ಇಂಗ್ಲೆಂಡಿನ ಕಾರ್ಖಾನೆ ಊರುಗಳಲ್ಲಿ ಬೆಳೆದ ಈ ಗೀಳು ಅಮೆರಿಕದಲ್ಲಿ ಯಾರೂ ಕೊಳ್ಳದೆ ಬಿದ್ದಿದ್ದ 1960ರ ದಶಕದ ಸೋಲ್ (ಕರಿಯರ ಜನಪ್ರಿಯ ಸಂಗೀತ) ಹಾಡುಗಳದ್ದು. ವಿಗನ್ ಊರಿನ ‘ವಿಗನ್ ಕ್ಯಾಸಿನೊ’ ಎಂಬ ಕುಣಿತದ ಕ್ಲಬ್ಬಿನಲ್ಲಿ (1973–1981) ನಡುರಾತ್ರಿ ಕಳೆದು ಶುರುವಾದ ಕುಣಿತ ಬೆಳಿಗ್ಗೆ ಎಂಟಕ್ಕೆ ಮುಗಿಯುತ್ತಿತ್ತು. ಮದ್ಯ ಮಾರುತ್ತಿರಲಿಲ್ಲ, ಆದರೆ ನಿದ್ದೆ ಓಡಿಸುವ ಮಾತ್ರೆಗಳ ಹಾವಳಿ ಇತ್ತು, ಅದನ್ನು ಮುಚ್ಚಿಡಬಾರದು. ಡಿಜೆಗಳು ಅಪರೂಪದ ತಟ್ಟೆಯ ಲೇಬಲ್ಲಿಗೆ ಕಾಗದ ಅಂಟಿಸಿ ಸುಳ್ಳು ಹೆಸರು ಹೇಳುತ್ತಿದ್ದರು, ಎದುರಾಳಿ ಹುಡುಕಿ ತರದಿರಲಿ ಎಂದು. ಅಮೆರಿಕದ ಗಾಯಕ ಫ್ರಾಂಕ್ ವಿಲ್ಸನ್ನನ 1965ರ ಒಂದು ತಟ್ಟೆ 2009ರಲ್ಲಿ 25 ಸಾವಿರ ಪೌಂಡಿಗೂ ಮೇಲೆ ಹೋಯಿತು. ಅಮೆರಿಕದ ಈ ಏಳಿಂಚಿನ ತಟ್ಟೆಗಳ ನಡುವಿನ ತೂತು ಒಂದೂವರೆ ಇಂಚು. ಅಡಾಪ್ಟರ್ ಸರಿಯಾಗಿ ನಡುವೆ ಕೂರದಿದ್ದರೆ ಶ್ರುತಿ ತೂಗಾಡುತ್ತದೆ.

ಕುಣಿಯಲು ಮರದ ನೆಲ, ಚರ್ಮದ ಅಟ್ಟೆಯ ಬೂಟು ಬೇಕು. ರಬ್ಬರ್ ಅಟ್ಟೆ ನೆಲ ಕಚ್ಚುತ್ತದೆ, ಮೈ ತಿರುಗಿದರೂ ಪಾದ ತಿರುಗುವುದಿಲ್ಲ, ಆ ತಿರುಚೆಲ್ಲ ಮೊಣಕಾಲಿಗೆ. ಪೌಡರ್ ಒಂದು ಚಿಟಿಕೆ ಅಟ್ಟೆಯ ಕೆಳಗೆ ಸಾಕು. ನಯವಾದ ಟೈಲ್ಸ್ ನೆಲಕ್ಕೆ ಮಾತ್ರ ಹಾಕಲೇಬೇಡಿ, ಅಲ್ಲಿ ಬಿದ್ದರೆ ಸೊಂಟ ಉಳಿಯುವುದಿಲ್ಲ.