ಚಿಕನ್ ಪಾಸ್ತಾ ಸೂಪ್ ಗಂಜಿಯಾಗದ ಹಾಗೆ ಬೇಗ ಮಾಡುವುದು ಹೇಗೆ?

ಮಗನಿಗೆ ಶೀತ, ಖಾರ ಮಸಾಲೆ ಏನೂ ಬೇಡ ಅಂತಾನೆ, ಚಿಕನ್ ಮತ್ತು ಪಾಸ್ತಾ ಹಾಕಿ ಹಗುರವಾದ ಸೂಪ್ ಎರಡು ಸಲ ಮಾಡಿದೆ, ಎರಡು ಸಲವೂ ಗಂಜಿ ತರ ಆಯಿತು, ರುಚಿಯೂ ಇರಲಿಲ್ಲ, ಮುಕ್ಕಾಲು ಗಂಟೆಗಿಂತ ಜಾಸ್ತಿ ಟೈಮ್ ಇಲ್ಲ ಅಂತ ಕೇಳಿದ್ದೀರಿ. ಗಂಜಿ ಆಗಿದ್ದಕ್ಕೆ ಕಾರಣ ಹೇಳಲಾ? ಪಾಸ್ತಾವನ್ನು ಸೂಪಿನ ಪಾತ್ರೆಗೇ ಹಾಕಿ ಬೇಯಿಸಿದ್ದೀರಿ. ನೀವು ಹಾಗಂತ ಬರೆದಿಲ್ಲ, ಆದರೆ ನಾನೂ ಇದನ್ನೇ ಮಾಡಿ ಬೆಪ್ಪಾದವಳು.

ನಮ್ಮ ಮನೆಯಲ್ಲಿ ಆಗಿದ್ದು ಹೀಗೆ. ಒಂದು ರಾತ್ರಿ ದೊಡ್ಡ ಪಾತ್ರೆಯಲ್ಲಿ ಸೂಪ್ ಮಾಡಿದೆ, ಪ್ಯಾಕೆಟ್‌ನಲ್ಲಿದ್ದ ಮ್ಯಾಕರೋನಿ ಪೂರ್ತಿ ಅದಕ್ಕೇ ಸುರಿದೆ. ಬಿಸಿಬಿಸಿಯಾಗಿ ಕುಡಿದಾಗ ಪರವಾಗಿಲ್ಲ ಅನ್ನಿಸಿತು. ಉಳಿದದ್ದನ್ನು ಹಾಗೇ ಫ್ರಿಜ್ಜಿಗೆ ತಳ್ಳಿದೆ. ಬೆಳಗ್ಗೆ ತೆಗೆದು ನೋಡಿದರೆ ಒಂದು ತೊಟ್ಟು ರಸ ಇಲ್ಲ, ಮ್ಯಾಕರೋನಿ ಒಂದೊಂದೂ ಹೆಬ್ಬೆರಳ ಗಾತ್ರಕ್ಕೆ ಊದಿಕೊಂಡಿತ್ತು, ಸೌಟು ಚುಚ್ಚಿದರೆ ನೆಟ್ಟಗೆ ನಿಂತಿತು. ಮಂಡ್ಯದಿಂದ ಬಂದಿದ್ದ ಅಮ್ಮ ಇಣುಕಿ ನೋಡಿ, "ಇದೇನೇ, ಬಿಸಿಬೇಳೆಬಾತಾ?" ಅಂದರು.

ಒಣ ಪಾಸ್ತಾ ಬೇಯುವಾಗ ನೀರು ಕುಡಿದು ಸುಮಾರು ಎರಡು ಪಟ್ಟು ತೂಕ ಆಗುತ್ತದೆ. ಸೂಪಲ್ಲೇ ಬೇಯಿಸಿದರೆ ನೀವು ಅಷ್ಟು ಹೊತ್ತು ಕಷ್ಟಪಟ್ಟು ಇಳಿಸಿದ ರಸವನ್ನೇ ಕುಡಿಯುತ್ತದೆ, ಜೊತೆಗೆ ತನ್ನ ಹಿಟ್ಟನ್ನು ಬಿಟ್ಟು ಉಳಿದ ರಸವನ್ನೂ ಮಂದ ಮಾಡುತ್ತದೆ. ಒಲೆ ಆರಿಸಿದ ಮೇಲೂ ಕುಡಿಯುತ್ತಲೇ ಇರುತ್ತದೆ. ಮಂಗಳೂರು ಕಡೆ ಕೋರಿ ರೊಟ್ಟಿ ತಿಂದಿದ್ದೀರಲ್ವಾ? ಗರಿಗರಿ ರೊಟ್ಟಿಯನ್ನು ಯಾರಾದರೂ ರಾತ್ರಿಯೇ ಕೋಳಿ ಗಸಿಯಲ್ಲಿ ನೆನೆಸಿ ಇಡುತ್ತಾರಾ? ತಟ್ಟೆಗೆ ಮುರಿದು ಹಾಕಿ, ಮೇಲೆ ಗಸಿ ಸುರಿದು, ಆಗಲೇ ತಿನ್ನುತ್ತಾರೆ. ಪಾಸ್ತಾ ಸೂಪಿಗೂ ಅದೇ ಲೆಕ್ಕ. ಪಾಸ್ತಾ ಬೇರೆ, ರಸ ಬೇರೆ, ಎರಡೂ ಸೇರುವುದು ಬಟ್ಟಲಲ್ಲಿ.

ಇನ್ನು ರುಚಿ ಇಲ್ಲ ಅಂದಿದ್ದು. ಬರೀ ಬೋನ್‌ಲೆಸ್ ತಂದಿರುತ್ತೀರಿ, ಅಲ್ವಾ? ಮಕ್ಕಳಿಗೆ ಅಂದರೆ ಎಲ್ಲರೂ ಎದೆ ಭಾಗವೇ ತರುತ್ತಾರೆ. ಅದು ಸೂಪಿಗೆ ದಂಡ. ರಸಕ್ಕೆ ಏನೂ ಕೊಡುವುದಿಲ್ಲ, ಸ್ವಲ್ಪ ಜಾಸ್ತಿ ಬೆಂದರೆ ತಾನೂ ಹತ್ತಿಯಾಗುತ್ತದೆ. ನಿಮಗೆ ಬೇಕಾಗಿರುವುದು ಕಾಲು. ತೊಡೆ ಸಮೇತ ಎರಡು ಲೆಗ್ ಪೀಸ್, ಚರ್ಮ ತೆಗೆದು, ಸುಮಾರು 450 ಗ್ರಾಂ. ಅಂಗಡಿಯವನು ನೀವು ಬಾಯಿ ಬಿಡುವ ಮೊದಲೇ ಟಕಟಕ ಅಂತ ಕರಿ ಕಟ್ ಮಾಡಿಬಿಡುತ್ತಾನೆ, ಅದಕ್ಕೇ ತೂಕಕ್ಕೆ ಹಾಕುವಾಗಲೇ ಹೇಳಿ, ಕೀಲಿನ ಹತ್ತಿರ ಒಂದೇ ಏಟು, ಜಾಸ್ತಿ ಕೊಚ್ಚಬೇಡ ಅಂತ. ಸಣ್ಣ ಸಣ್ಣದಾಗಿ ಕೊಚ್ಚಿದರೆ ಮೂಳೆ ಚೂರು ಸೂಪಿಗೆ ಬರುತ್ತದೆ, ಮಗು ಕುಡಿಯುವಾಗ ಅದು ಬೇಡ. ನಾಟಿ ಕೋಳಿ ಒಳ್ಳೆಯದು ಅಂತ ಯಾರಾದರೂ ಹೇಳುತ್ತಾರೆ, ಹೌದು ಒಳ್ಳೆಯದೇ, ಆದರೆ ಅದು ಮುಕ್ಕಾಲು ಗಂಟೆಗೆ ಬಗ್ಗುವ ಜಾತಿ ಅಲ್ಲ. ಇವತ್ತಿಗೆ ಬ್ರಾಯ್ಲರೇ ಸರಿ.

ಪಾತ್ರೆಗೆ ಕೋಳಿ ಹಾಕಿ, ಒಂದೂಕಾಲು ಲೀಟರ್ ತಣ್ಣೀರು ಸುರಿಯಿರಿ. ಬಿಸಿನೀರಲ್ಲ, ತಣ್ಣೀರು. ಅರ್ಧ ಚಮಚ ಉಪ್ಪು ಹಾಕಿ ಮಧ್ಯಮ ಉರಿಯಲ್ಲಿಡಿ. ಇಲ್ಲಿ ಹತ್ತು ನಿಮಿಷ ಒಲೆ ಬಿಟ್ಟು ಹೋಗಬೇಡಿ. ಮೊದಲು ಅಂಚಿನಲ್ಲಿ ಸಣ್ಣ ಗುಳ್ಳೆ ಬರುತ್ತವೆ, ಆಮೇಲೆ ಬೂದಿ ಬಣ್ಣದ ನೊರೆ ಒಂದೊಂದೇ ಚೂರು ಮೇಲೆ ಬಂದು ನಡುವೆ ಗುಂಪುಗೂಡುತ್ತದೆ, ನೋಡೋಕೆ ಮಳೆಗಾಲದ ಕಾಲುವೆ ನೀರಿನ ತರ ಇರುತ್ತದೆ. ಗಾಬರಿ ಬೇಡ, ಮಾಂಸದಿಂದ ಇಳಿದ ಪ್ರೋಟೀನ್ ಗಟ್ಟಿಯಾಗಿ ಮೇಲೆ ಬಂದಿರುವುದು ಅಷ್ಟೇ. ಪಕ್ಕದಲ್ಲಿ ಒಂದು ಬಟ್ಟಲು ನೀರು ಇಟ್ಟುಕೊಂಡು, ಸೌಟಿನ ತುದಿಯಿಂದ ನೊರೆಯನ್ನಷ್ಟೇ ಎತ್ತಿ, ಬಟ್ಟಲಲ್ಲಿ ಅದ್ದಿ ತೊಳೆದು, ಮತ್ತೆ ಎತ್ತಿ. ನಾಲ್ಕೈದು ಸಲ ಎತ್ತುವಷ್ಟರಲ್ಲಿ ಕೆಳಗಿನ ನೀರು ತಿಳಿಯಾಗಿ ಕಾಣುತ್ತದೆ. ಈಗ ಉರಿ ಪೂರ್ತಿ ತಗ್ಗಿಸಿ. ಕೊತಕೊತ ಕುದಿಯಬಾರದು, ಅಲ್ಲೊಂದು ಇಲ್ಲೊಂದು ಗುಳ್ಳೆ ಎದ್ದರೆ ಸಾಕು. ಜೋರಾಗಿ ಕುದಿಸಿದರೆ ಕೊಬ್ಬು ರಸದೊಳಗೆ ಕಲೆಸಿಹೋಗುತ್ತದೆ, ಬಣ್ಣ ಬಿಳಿಚಿಕೊಂಡು ಬಾಯಿಗೆ ಜಿಡ್ಡಾಗುತ್ತದೆ. ಹಗುರ ಅಂತ ನೀವು ಕೇಳಿದ್ದು ಈ ಸಣ್ಣ ಉರಿಯಲ್ಲೇ ಇದೆ, ಕಾರ್ನ್‌ಫ್ಲೋರ್ ಹಾಕುವ ಯೋಚನೆ ಇದ್ದರೆ ದಯವಿಟ್ಟು ಬಿಡಿ.

ನೊರೆ ತೆಗೆದ ಮೇಲೆ ಎರಡು ಹೋಳು ಮಾಡಿದ ಈರುಳ್ಳಿ ಒಂದು, ಜಜ್ಜಿದ ಬೆಳ್ಳುಳ್ಳಿ ನಾಲ್ಕು ಎಸಳು, ಒಂದಿಂಚು ಶುಂಠಿ, ಒಂದು ಪಲಾವ್ ಎಲೆ, ಕುಟ್ಟಾಣಿಯಲ್ಲಿ ಬಿರುಕು ಬಿಡುವಷ್ಟೇ ಕುಟ್ಟಿದ ಎಂಟು ಹತ್ತು ಕಾಳುಮೆಣಸು. ಇಂಗ್ಲಿಷ್ ರೆಸಿಪಿಗಳಲ್ಲೆಲ್ಲ ಸೆಲರಿ ಹಾಕಿ ಅಂತ ಇರುತ್ತದೆ. ಸಿಕ್ಕರೆ ಒಂದು ದಂಟು ಹಾಕಿ, ಅದನ್ನು ಹುಡುಕಿಕೊಂಡು ಊರೆಲ್ಲ ಸುತ್ತಬೇಡಿ. ನಾನು ಕೊತ್ತಂಬರಿ ದಂಟನ್ನು ದಾರದಲ್ಲಿ ಕಟ್ಟಿ ಇಳಿಬಿಡುತ್ತೇನೆ, ವಾಸನೆ ಬೇರೆ, ಆದರೆ ನಮ್ಮ ಬಾಯಿಗೆ ಅದೇ ಹಿಡಿಸುತ್ತದೆ. ಮುಚ್ಚಳ ಅರ್ಧ ಓರೆ ಮಾಡಿ 25 ನಿಮಿಷ ಬಿಡಿ. ಕ್ಯಾರೆಟ್ ಮೊದಲೇ ಹಾಕಬೇಡಿ, ಕೊನೆಯ ಹತ್ತು ನಿಮಿಷ ಇದ್ದಾಗ ಸಣ್ಣಗೆ ಹೆಚ್ಚಿ ಹಾಕಿ.

ನಮ್ಮಮ್ಮ ಇದನ್ನು ಇವತ್ತಿಗೂ ಒಪ್ಪಿಲ್ಲ. ಹುರಿದು ರುಬ್ಬಿ ಹಾಕದೆ ಇದ್ದರೆ ಅದು ಕೋಳಿ ತೊಳೆದ ನೀರು ಅಂತಾರೆ. ನಾವು ಬೆಳೆದದ್ದೇ ಹಾಗೆ ನೋಡಿ, ರುಚಿ ಎಲ್ಲ ಮಸಾಲೆಯಲ್ಲಿ, ಕೋಳಿ ಅದರಲ್ಲಿ ಬೇಯುವ ಒಂದು ಸಾಮಾನು. ಅದಕ್ಕೇ ಬರೀ ಮೂಳೆ ನೀರನ್ನು ನಂಬುವುದಿಲ್ಲ, ಐದು ನಿಮಿಷಕ್ಕೊಂದು ಸಲ ಏನಾದರೂ ಉದುರಿಸುತ್ತಾ ಇರುತ್ತೇವೆ. ಉದುರಿಸಬೇಡಿ.

ಪಾಸ್ತಾ ವಿಷಯ. ಚಮಚದಲ್ಲಿ ಹಿಡಿಯುವಂಥದ್ದು ಇರಬೇಕು, ಪೆನ್ನೆ ದೊಡ್ಡದಾಯಿತು. ಸಣ್ಣ ಎಲ್ಬೋ ಮ್ಯಾಕರೋನಿ ಎಲ್ಲ ಕಡೆ ಸಿಗುತ್ತದೆ. ಇಟಲಿಯಲ್ಲಿ ಇದಕ್ಕೆಂದೇ ಪಾಸ್ತೀನಾ ಅಂತ ಚುಕ್ಕಿ, ನಕ್ಷತ್ರದ ಆಕಾರದ ಪುಟ್ಟ ಪುಟ್ಟ ಪಾಸ್ತಾ ಇದೆ, ಹುಷಾರಿಲ್ಲದ ಮಕ್ಕಳಿಗೆ ಅಲ್ಲಿನ ಅಜ್ಜಿಯಂದಿರು ಇದನ್ನೇ ಸಾರಿಗೆ ಹಾಕಿ ಕೊಡುತ್ತಾರೆ, ನಮ್ಮಲ್ಲಿ ಮೆಣಸಿನ ಸಾರು ಅನ್ನ ಕೊಡುವ ಹಾಗೆ. ಪ್ಯಾಕೆಟ್ ಮೇಲೆ ಡ್ಯೂರಮ್ ಗೋಧಿ ರವೆ ಅಂತ ಇದೆಯಾ ನೋಡಿಕೊಳ್ಳಿ, ಬಿಡಿಯಾಗಿ ಸಿಗುವ ಮೈದಾ ಮ್ಯಾಕರೋನಿ ಬೇಗ ಕರಗುತ್ತದೆ. ಗೋಧಿ ಶಾವಿಗೆಯೂ ಆಗುತ್ತದೆ, ಆದರೆ ಒಂದೆರಡು ನಿಮಿಷ ಕೈ ತಪ್ಪಿದರೆ ಪಾಯಸ.

ಮೂರು ಜನಕ್ಕೆ 75 ಗ್ರಾಂ ಒಣ ಪಾಸ್ತಾ ಸಾಕು, ಅಂದರೆ ಒಬ್ಬರಿಗೆ ಒಂದು ಸಣ್ಣ ಹಿಡಿ. ಕಮ್ಮಿ ಅನ್ನಿಸುತ್ತದೆ, ಅನ್ನಿಸಲಿ. ಕೋಳಿ ಬೇಯುತ್ತಿರುವಾಗಲೇ ಪಕ್ಕದ ಒಲೆಯಲ್ಲಿ ಒಂದು ಲೀಟರ್ ನೀರಿಗೆ ಒಂದು ಚಮಚ ಉಪ್ಪು ಹಾಕಿ ಚೆನ್ನಾಗಿ ಕುದಿ ಬಂದ ಮೇಲೆ ಪಾಸ್ತಾ ಹಾಕಿ, ಪ್ಯಾಕೆಟ್‌ನಲ್ಲಿ ಹೇಳಿದ್ದಕ್ಕಿಂತ ಒಂದು ನಿಮಿಷ ಮೊದಲೇ ಬಸಿಯಿರಿ, ಬಿಸಿ ಸೂಪ್ ಬಿದ್ದಾಗ ಉಳಿದದ್ದು ಬೇಯುತ್ತದೆ. ಅಂಟಿಕೊಳ್ಳದಂತೆ ಅರ್ಧ ಚಮಚ ಎಣ್ಣೆ ಸವರಿ ಮುಚ್ಚಿಡಿ.

25 ನಿಮಿಷ ಆದ ಮೇಲೆ ತೊಡೆಯ ದಪ್ಪ ಭಾಗಕ್ಕೆ ಚಾಕು ಚುಚ್ಚಿ. ಮೂಳೆ ಪಕ್ಕದಲ್ಲೂ ಮಾಂಸ ಪೂರ್ತಿ ಬೆಂದು ಸುಲಭವಾಗಿ ಬಿಡಬೇಕು, ಇಲ್ಲದಿದ್ದರೆ ಇನ್ನೈದು ನಿಮಿಷ. ಅಡುಗೆ ಥರ್ಮಾಮೀಟರ್ ಇದ್ದರೆ 74 ಡಿಗ್ರಿ ಸೆಲ್ಸಿಯಸ್ ದಾಟಿರಬೇಕು. ತುಂಡುಗಳನ್ನು ತಟ್ಟೆಗೆ ತೆಗೆದು, ಕೈಗೆ ತಡೆಯುವಷ್ಟು ಆರಿದ ಮೇಲೆ ಎಳೆ ಎಳೆಯಾಗಿ ಬಿಡಿಸಿ. ಈರುಳ್ಳಿ, ಶುಂಠಿ, ಎಲೆ, ದಂಟು ಎಲ್ಲ ಎತ್ತಿ ಎಸೆಯಿರಿ. ಮಗು ಮೆಣಸಿಗೆ ಮುಖ ಮುರಿದರೆ ರಸವನ್ನು ಜರಡಿಯಲ್ಲಿ ಸೋಸಿಬಿಡಿ, ಕ್ಯಾರೆಟ್ ಆರಿಸಿ ವಾಪಸ್ ಹಾಕಿ. ಮಾಂಸವನ್ನೂ ರಸಕ್ಕೆ ಸೇರಿಸಿ.

ಈಗ ಒಂದು ಚಮಚ ಕುಡಿದು ನೋಡಿ. ಸಪ್ಪೆ ಇರುತ್ತದೆ, ಎಲ್ಲರೂ ಚಿಕನ್ ಕ್ಯೂಬ್‌ಗೆ ಕೈ ಹಾಕುವುದು ಇಲ್ಲೇ. ತಡೆಯಿರಿ. ಕಾಲು ಚಮಚ ಉಪ್ಪು ಹಾಕಿ, ಕಲಕಿ, ಮತ್ತೆ ಕುಡಿಯಿರಿ. ಇನ್ನೊಂಚೂರು ಹಾಕಿ ಮತ್ತೆ. ಯಾವುದೋ ಒಂದು ಚಿಟಿಕೆಗೆ ಆ ನೀರು ಇದ್ದಕ್ಕಿದ್ದಂತೆ ಕೋಳಿ ಸೂಪ್ ಆಗಿಬಿಡುತ್ತದೆ, ನಾಲಿಗೆಗೇ ಗೊತ್ತಾಗುತ್ತದೆ. ಆಮೇಲೆ ಒಲೆ ಆರಿಸಿ ಕಾಲು ಹೋಳು ನಿಂಬೆಹಣ್ಣು ಹಿಂಡಿ. ಹುಳಿ ಗೊತ್ತಾಗಬಾರದು, ಅಷ್ಟೇ. ಬಟ್ಟಲ ತಳಕ್ಕೆ ಪಾಸ್ತಾ, ಮೇಲೆ ಬಿಸಿ ಸೂಪ್, ಸ್ವಲ್ಪ ಕೊತ್ತಂಬರಿ ಸೊಪ್ಪು. ಬೆಣ್ಣೆ ಇಷ್ಟ ಅಂದರೆ ಕಡಲೆಕಾಳಿನಷ್ಟು.

ಟೈಮ್ ಇನ್ನೂ ಕಮ್ಮಿ ಇದ್ದರೆ ನೊರೆ ತೆಗೆದ ಮೇಲೆ ಕುಕ್ಕರ್‌ನಲ್ಲಿ ಎರಡು ವಿಶಲ್ ಕೂಗಿಸಿ. ರಸ ಸ್ವಲ್ಪ ಮಬ್ಬಾಗುತ್ತದೆ, ರುಚಿಗೆ ಮೋಸ ಇಲ್ಲ.

ಇದರಿಂದ ಶೀತ ವಾಸಿಯಾಗುತ್ತಾ ಅಂತಲೂ ಕೇಳಿದ್ದೀರಿ. ಅಮೆರಿಕದ ನೆಬ್ರಾಸ್ಕಾದಲ್ಲಿ ಸ್ಟೀಫನ್ ರೆನಾರ್ಡ್ ಅನ್ನುವ ಶ್ವಾಸಕೋಶದ ಡಾಕ್ಟರ್ ತಮ್ಮ ಹೆಂಡತಿಯ ಅಜ್ಜಿ ಮಾಡುತ್ತಿದ್ದ ಕೋಳಿ ಸೂಪನ್ನೇ ಲ್ಯಾಬಿಗೆ ಒಯ್ದು ಪರೀಕ್ಷೆ ಮಾಡಿದ್ದರು, 2000ದಲ್ಲಿ ಅದು ಪ್ರಕಟವಾಯಿತು. ಊತಕ್ಕೆ ಕಾರಣವಾಗುವ ಒಂದು ಬಗೆಯ ಬಿಳಿ ರಕ್ತಕಣಗಳ ಓಡಾಟವನ್ನು ಸೂಪ್ ಸ್ವಲ್ಪ ತಗ್ಗಿಸಿತು. ಆದರೆ ಅದು ಗಾಜಿನ ಪಾತ್ರೆಯೊಳಗೆ, ಶೀತ ಆದ ಮನುಷ್ಯರ ಮೇಲೆ ಅಲ್ಲ. ನಾನಂತೂ ಔಷಧಿ ಅಂತ ಕೊಡುವುದಿಲ್ಲ. ಬಿಸಿ ಹಬೆಗೆ ಮೂಗು ಬಿಡುತ್ತದೆ, ಉಪ್ಪು ನೀರು ಹೊಟ್ಟೆಗೆ ಹೋಗುತ್ತದೆ, ಊಟ ಬೇಡ ಅನ್ನುವ ಮಗು ನಾಲ್ಕು ಚಮಚ ಕುಡಿಯುತ್ತದೆ, ಸಾಕಲ್ವಾ. ಜ್ವರ ಇಳಿಯದಿದ್ದರೆ ಡಾಕ್ಟರ ಹತ್ತಿರ ಹೋಗಿ.

ಉಳಿದರೆ ಎರಡು ಗಂಟೆಯೊಳಗೆ ಫ್ರಿಜ್ಜಿಗೆ, ರಸ ಒಂದು ಡಬ್ಬಿ, ಪಾಸ್ತಾ ಇನ್ನೊಂದು ಡಬ್ಬಿ. ಮೂರು ದಿನದೊಳಗೆ ಮುಗಿಸಿ. ಮಾರನೇ ದಿನ ರಸ ಒಂಚೂರು ಜೆಲ್ಲಿ ತರ ನಡುಗುತ್ತಿದ್ದರೆ ಕೆಟ್ಟಿದೆ ಅಂತ ಚೆಲ್ಲಬೇಡಿ, ಕೀಲಿನ ಸುತ್ತ ಇದ್ದ ಅಂಟು ರಸಕ್ಕೆ ಇಳಿದಿರುವುದರಿಂದ ಹಾಗೆ. ಮೇಲೆ ಹೆಪ್ಪುಗಟ್ಟಿದ ಕೊಬ್ಬನ್ನು ಚಮಚದಲ್ಲಿ ಕೆರೆದು ತೆಗೆದು, ಬೇಕಾದಷ್ಟು ರಸವನ್ನಷ್ಟೇ ಪೂರ್ತಿ ಕುದಿ ಬರಿಸಿ. ಪಾಸ್ತಾ ಮಾತ್ರ ಆಗಲೂ ಬಟ್ಟಲಿಗೇ.