ಬಂದು ಹೋಗುವವರ ಪರವಾಗಿ

ಗದಗದ ಓದುಗರೊಬ್ಬರ ಪತ್ರ: "ಕಳೆದ ಸಂಚಿಕೆಯಲ್ಲಿ ಫಿನ್ಲೆಂಡಿನ ಎಸ್ಕೋ ನಿಕ್ಕರಿ ಎಂಬ ನಟನಿಗೆ ಒಂದೂವರೆ ಪುಟ ಕೊಟ್ಟಿದ್ದೀರಿ. ನಾನು ನೋಡಿದ ಮೂರು ಚಿತ್ರಗಳಲ್ಲೂ ಆತ ಬಂದು ಹೋಗುವವನು. ಆ ಜಾಗವನ್ನು ನಿರ್ದೇಶಕ ಅಕಿ ಕೌರಿಸ್ಮಾಕಿಗೋ ನಟಿ ಕಾಟಿ ಔಟಿನೆನ್‌ಗೋ ಕೊಡಬಹುದಿತ್ತು. ನಮ್ಮ ತಂದೆಯೂ ನಾಟಕ ಕಂಪನಿಯಲ್ಲಿ ಇಪ್ಪತ್ತು ವರ್ಷ ದೂತ, ಮಂತ್ರಿಯ ಪಾತ್ರ ಮಾಡಿದವರು. ಅವರ ಬಗ್ಗೆ ಯಾರೂ ಬರೆಯಲಿಲ್ಲ, ಅವರೂ ಬಯಸಲಿಲ್ಲ."

ಉತ್ತರ: ಕೌರಿಸ್ಮಾಕಿ ಇಲ್ಲದಿದ್ದರೆ ನಿಕ್ಕರಿಯ ಹೆಸರು ನಮ್ಮ ಕಿವಿಗೆ ಬೀಳುತ್ತಿರಲಿಲ್ಲ, ಒಪ್ಪಿದೆ. 2002ರಲ್ಲಿ ಔಟಿನೆನ್‌ಗೆ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಬಂದದ್ದೂ ನ್ಯಾಯವೇ. ಅವರಿಬ್ಬರ ಬಗ್ಗೆ ಬರೆಯುವವರು ಬೇಕಾದಷ್ಟಿದ್ದಾರೆ. ನಿಕ್ಕರಿಯ ಬಗ್ಗೆ ಯಾರಿದ್ದಾರೆ ಹೇಳಿ?

1938ರಲ್ಲಿ ಲಾಪುವಾ ಎಂಬ ಊರಿನಲ್ಲಿ ಹುಟ್ಟಿದ ಈ ಮನುಷ್ಯ ಪರದೆಗೆ ಬಂದದ್ದು 1974ರಲ್ಲಿ. ನಾಯಕರಾಗುವವರು ಆ ವಯಸ್ಸಿಗೆ ಹೆಸರು ಮಾಡಿ ಮುಗಿಸಿರುತ್ತಾರೆ. ಅಲ್ಲಿಂದ 2006ರಲ್ಲಿ ತೀರಿಕೊಳ್ಳುವವರೆಗೆ ಸಿನಿಮಾ, ಟಿವಿ ಸೇರಿ ಎಪ್ಪತ್ತಕ್ಕೂ ಹೆಚ್ಚು ಪಾತ್ರ ಮಾಡಿದರು.

ಕೌರಿಸ್ಮಾಕಿಯ 'ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್' (1990) ನೀವು ನೋಡಿದ್ದೀರಿ. ಬೆಂಕಿಪೊಟ್ಟಣದ ಕಾರ್ಖಾನೆಯ ಹುಡುಗಿ ಐರಿಸ್ ಸಂಬಳದಲ್ಲಿ ಒಂದು ಉಡುಪು ಕೊಂಡು ತರುತ್ತಾಳೆ. ಮಲತಂದೆ ಕೆನ್ನೆಗೆ ಬಾರಿಸುತ್ತಾನೆ. ಆ ಮಲತಂದೆ ನಿಕ್ಕರಿ. ಹೊಡೆತ ಎಲ್ಲರಿಗೂ ನೆನಪಿರುತ್ತದೆ. ನನ್ನನ್ನು ಕಾಡುವುದು ಆಮೇಲಿನ ಆಸ್ಪತ್ರೆಯ ದೃಶ್ಯ. ಆತ ಮಗಳನ್ನು ನೋಡಲು ಬರುತ್ತಾನೆ, ಒಂದು ಕಿತ್ತಳೆಹಣ್ಣು ಕೊಡುತ್ತಾನೆ, ಇನ್ನು ನೀನು ಮನೆಯಲ್ಲಿರುವುದು ಬೇಡ ಎಂದು ತಿಳಿಸಿ ಹೊರಡುತ್ತಾನೆ. ದನಿ ಏರುವುದಿಲ್ಲ. ರೋಗಿಯ ಬಳಿಗೆ ಬರಿಗೈಲಿ ಹೋಗಬಾರದೆಂಬ ರೂಢಿ ಬಲ್ಲವನು ಆತ. ಅದೇ ರೂಢಿಯವನೇ ಮಗಳನ್ನು ಹೊರಗೆ ಹಾಕುತ್ತಾನೆ. ಸಿನಿಮಾ ಸಂಘದ ಪ್ರದರ್ಶನದಲ್ಲಿ ನಾನಿದನ್ನು ಮೊದಲು ಕಂಡಾಗ ಹಿಂದಿನ ಸಾಲಿನ ಹೆಂಗಸೊಬ್ಬರು "ಹಣ್ಣು ಬೇರೆ ತಂದಿದ್ದಾನೆ" ಎಂದರು. ಆ ದೃಶ್ಯದ ಬಗ್ಗೆ ಅದಕ್ಕಿಂತ ಒಳ್ಳೆಯ ವಿಮರ್ಶೆ ನಾನು ಓದಿಲ್ಲ.

ಅದಕ್ಕೂ ನಾಲ್ಕು ವರ್ಷ ಹಿಂದಿನ 'ಶ್ಯಾಡೋಸ್ ಇನ್ ಪ್ಯಾರಡೈಸ್'ನಲ್ಲಿ ಅವರು ಕಸದ ಲಾರಿಯ ಕೆಲಸಗಾರ. ಸ್ವಂತ ಕಂಪನಿ ತೆರೆಯುವ ಕನಸು ಹೇಳಿಕೊಂಡವನು ಎದೆನೋವಿನಿಂದ ಸಾಯುತ್ತಾನೆ. ಚಿತ್ರ ಇನ್ನೂ ಶುರುವಿನಲ್ಲೇ ಇರುತ್ತದೆ. 'ದಿ ಮ್ಯಾನ್ ವಿತೌಟ್ ಎ ಪಾಸ್ಟ್'ನಲ್ಲಿ (2002) ಬ್ಯಾಂಕಿಗೆ ಬಂದೂಕು ಹಿಡಿದು ಬರುವ, ದಿವಾಳಿಯೆದ್ದ ಕಂಪನಿಯ ಮಾಲೀಕ. ಅವನಿಗೆ ಬೇಕಾದದ್ದು ಬ್ಯಾಂಕು ತಡೆಹಿಡಿದ ತನ್ನದೇ ಹಣ, ಅದೂ ಆಳುಗಳ ಬಾಕಿ ಸಂಬಳ ಕೊಡಲು. ಆ ಹಣವನ್ನು ಹಂಚುವ ಕೆಲಸ ನಾಯಕನಿಗೆ ಒಪ್ಪಿಸಿ ತಾನು ಗುಂಡು ಹಾರಿಸಿಕೊಳ್ಳುತ್ತಾನೆ. ನಾಯಕನ ಸಂಕಟ ತಿಳಿಯಲು ನಮಗೆ ಇಡೀ ಚಿತ್ರವಿದೆ. ಈ ಮಾಲೀಕನಿಗೆ ಸಿಕ್ಕುವುದು ಕೆಲವೇ ನಿಮಿಷ. ಮೂವತ್ತು ವರ್ಷದ ದುಡಿಮೆ, ಮಾನ, ಸಾಲ ಎಲ್ಲವನ್ನೂ ಆತ ಬಾಗಿಲು ದಾಟುವಾಗಲೇ ಹೊತ್ತು ತರಬೇಕು. ನಿಕ್ಕರಿ ಅದನ್ನು ತಮ್ಮ ಭಾರವಾದ ನಡಿಗೆಯಲ್ಲೇ ತರುತ್ತಾರೆ. ಇದನ್ನು ನೀವು 'ಬಂದು ಹೋಗುವುದು' ಎಂದಿರಿ! ಅಷ್ಟು ಸೂಕ್ಷ್ಮವಾಗಿ ಪತ್ರ ಬರೆಯುವ ನೀವು ಈ ಮಾತನ್ನು ಇಷ್ಟು ಸಲೀಸಾಗಿ ಆಡಬಾರದಿತ್ತು.

ಫಿನ್ಲೆಂಡಿನ ಜನಸಂಖ್ಯೆ ಸುಮಾರು 56 ಲಕ್ಷ. ಆದರೂ ಅಲ್ಲಿನ ನಗರಗಳು ರಂಗಮಂದಿರಗಳನ್ನು ಸಾಕುತ್ತವೆ, ಖಾಯಂ ನಟರಿಗೆ ತಿಂಗಳ ಸಂಬಳವಿರುತ್ತದೆ. ಸಣ್ಣ ಪಾತ್ರವನ್ನು ಪಳಗಿಸಿಕೊಳ್ಳಲು ವರ್ಷಗಳು ಬೇಕು, ಆ ವರ್ಷಗಳಲ್ಲಿ ಹೊಟ್ಟೆಗೂ ಬೇಕು. ನಮ್ಮಲ್ಲಿ ಪೋಷಕ ನಟ ಎಂಬ ಒಳ್ಳೆಯ ಹೆಸರಿದೆ, ಅವರನ್ನು ಪೋಷಿಸುವವರು ಯಾರು? ಹಿಂದೆ ನಾನು ದುಡಿಯುತ್ತಿದ್ದ ಪತ್ರಿಕೆಯೊಂದರಲ್ಲಿ, ನೂರಾರು ಚಿತ್ರಗಳಲ್ಲಿ ಗುಮಾಸ್ತ, ಪುರೋಹಿತ, ಮಾವ ಆಗಿದ್ದ ನಟರೊಬ್ಬರು ತೀರಿಕೊಂಡ ದಿನ ಎರಡು ಕಾಲಂ ಕೇಳಿದೆ. ಕೊಟ್ಟದ್ದು ಆರು ಸಾಲು, ಅದರಲ್ಲೂ ಹೆಸರು ತಪ್ಪಾಗಿತ್ತು. ಮರುದಿನ ಅವರ ಮಗ ಫೋನ್ ಮಾಡಿದರು. ಬೈಯಲಿಲ್ಲ, ಸರಿಯಾದ ಹೆಸರು ಹೇಳಿ ಇಟ್ಟರು.

ನಿಮ್ಮ ತಂದೆ ಬಯಸಲಿಲ್ಲ ಎಂದಿದ್ದೀರಿ. ನೀವು ಬಯಸಿದ್ದೀರಿ, ಇಲ್ಲದಿದ್ದರೆ ನಿಕ್ಕರಿಯ ಮೇಲಿನ ಪತ್ರದಲ್ಲಿ ಅವರು ಬರುತ್ತಿರಲಿಲ್ಲ. ಯಾವ ಕಂಪನಿ, ಯಾವ ಕ್ಯಾಂಪು, ದೂತನಾಗಿ ಅವರು ರಂಗಕ್ಕೆ ಹೇಗೆ ಬರುತ್ತಿದ್ದರು, ಮೊದಲ ಮಾತು ಯಾವುದು, ಎಲ್ಲ ಬರೆದು ಕಳಿಸಿ. ಮುಂದಿನ ಸಂಚಿಕೆಯಲ್ಲಿ ಒಂದೂವರೆ ಪುಟ ಖಾಲಿ ಬಿಟ್ಟುಕೊಂಡಿದ್ದೇನೆ.